ಈಶಾನ್ಯ ಮೂಲೆಯ ನೀರು

ಮೊದಲು ಕಂಡದ್ದು ನೀರಲ್ಲ, ಬಣ್ಣ. ನಾವು ಅಗೆದಿದ್ದ ಗುಂಡಿಯ ಈಶಾನ್ಯದ ಮೈ ಹಿಂದಿನ ದಿನದವರೆಗೆ ಹುರಿದ ರವೆಯ ಬಣ್ಣಕ್ಕಿತ್ತು. ಆ ಬೆಳಿಗ್ಗೆ ಅದರ ನಡುವೆ ಒಂದು ಪಟ್ಟೆ ಕಪ್ಪಗಾಗಿತ್ತು, ಅಡುಗೆಮನೆಯ ಗೋಡೆಯೊಳಗೆ ನಲ್ಲಿಯ ಪೈಪು ಸೋರುವಾಗ ಸುಣ್ಣದ ಮೇಲೆ ಕಾಣುವ ಕಲೆಯ ಹಾಗೆ. ಕೈಯಿಟ್ಟು ನೋಡಿದೆ. ತಣ್ಣಗಿತ್ತು. ಉಗುರಿನಿಂದ ಕೆರೆದರೆ ಮುರುಮು ಪುಡಿಯಾಗಿ ಉದುರಲಿಲ್ಲ, ಬೆರಳಿಗೆ ಅಂಟಿಕೊಂಡಿತು.

ನಾಸಿಕದ ಸುತ್ತ ಕರಿಮಣ್ಣಿನ ಕೆಳಗೆ ಸಿಗುವ ಗರಸಿಗೆ ಮುರುಮು ಎನ್ನುತ್ತಾರೆ. ಒಣಗಿದ್ದಾಗ ಅದನ್ನು ನೆಟ್ಟಗೆ ಕತ್ತರಿಸಿದರೂ ಗೋಡೆಯಂತೆ ನಿಲ್ಲುತ್ತದೆ. ಆ ನಿಲುವನ್ನು ನಂಬಿಯೇ ಜನ ಅದರ ಬುಡದಲ್ಲಿ ಕೂತು ಊಟ ಮಾಡುತ್ತಾರೆ, ಬೀಡಿ ಸೇದುತ್ತಾರೆ. ನೀರು ಕುಡಿದ ಮುರುಮು ಬೇರೆ. ಅದು ನಿಂತಿರುತ್ತದೆ, ನಿಂತಿರುತ್ತದೆ, ಆಮೇಲೆ ಯಾರನ್ನೂ ಕೇಳದೆ ಕೂರುತ್ತದೆ.

ಅದು ನಮ್ಮವರ ಸಮಾಜ ಭವನದ ಕೆಲಸ, ಸಾತಪುರದ ಕಾರ್ಖಾನೆಗಳ ಹಿಂದಿನ ಓಣಿಯಲ್ಲಿ. ನಮ್ಮವರೆಂದರೆ ಬೀದರ, ಕಲಬುರಗಿ ಕಡೆಯಿಂದ ಬಂದು ಇಲ್ಲಿ ಬೇಳೆಕಾಳು, ಬಟ್ಟೆ ಮಾರುವವರು, ನನ್ನ ಗಂಡನಂತೆ ಕಾರ್ಖಾನೆಯ ಪಾಳಿಗೆ ಹೋಗುವವರು. ನೆಲಮಾಳಿಗೆಗಾಗಿ ಇಬ್ಬರು ಆಳು ಒಬ್ಬರ ಮೇಲೊಬ್ಬರು ನಿಂತರೂ ತಲೆ ಕಾಣದಷ್ಟು ಆಳ ತೆಗೆದಿದ್ದೆವು. ಅಗೆತದಲ್ಲಿ ಯಾರಿಗೂ ಪೆಟ್ಟಾಗದಂತೆ ನೋಡಿಕೊಳ್ಳುವ ಕೆಲಸ ನನ್ನದು. ಪರವಾನಗಿ ಕೊಟ್ಟವರು ಹೀಗೊಬ್ಬರು ಇರಲೇಬೇಕೆಂದು ಷರತ್ತು ಹಾಕಿದ್ದರಿಂದ ಕಟ್ಟಡ ಸಮಿತಿ ನನ್ನನ್ನು ಇಟ್ಟುಕೊಂಡಿತ್ತು. ನಮ್ಮವಳು, ಹೆಣ್ಣುಮಗಳು, ಹೇಳಿದ್ದು ಕೇಳಿಕೊಂಡು ಒಂದು ಕಡೆ ಕೂತಿರುತ್ತಾಳೆ ಎಂದು ಸಮಿತಿಯ ಅಧ್ಯಕ್ಷರು ಅಂದುಕೊಂಡಿರಬೇಕು.

ಮೊದಲ ವಾರದಲ್ಲೇ ಆ ನಂಬಿಕೆ ಕೆಟ್ಟಿತು. ಗುಂಡಿಯ ಅಂಚಿಗೇ ರಾಶಿ ಹಾಕಿದ್ದ ಮಣ್ಣನ್ನು ನಾನು ಹಿಂದಕ್ಕೆ ಸರಿಸಲು ಹೇಳಿದೆ. ಮೂರು ಕಡೆಯ ಮೈಯನ್ನು ನೆಟ್ಟಗೆ ಬಿಡದೆ ಮೆಟ್ಟಿಲು ಮೆಟ್ಟಿಲಾಗಿ ಕತ್ತರಿಸಿದೆವು. ಏಣಿಗಳನ್ನು ಕಟ್ಟಿಸಿದೆ. ಅಗೆಯುವ ಯಂತ್ರ ತಿರುಗುವಾಗ ಕೆಳಗೆ ಆಳು ಇರಬಾರದು ಎಂದೆ. ಪ್ರತಿ ಮಾತಿಗೂ ಒಂದು ಜಗಳ. ವೈಜಾಪುರದ ಕಡೆಯ ಗುತ್ತಿಗೆದಾರ ನನ್ನನ್ನು ‘ತಾಈ’ ಎಂದು ಕರೆಯುತ್ತಿದ್ದ. ಮರಾಠಿಯಲ್ಲಿ ಅಕ್ಕ ಎಂದರ್ಥ. ಆ ಮಾತನ್ನು ಅಷ್ಟು ಕಹಿಯಾಗಿ ಅನ್ನಬಹುದೆಂದು ನನಗೆ ಅದುವರೆಗೆ ಗೊತ್ತಿರಲಿಲ್ಲ. ತಳದಲ್ಲಿ ಸರಳು ಕಟ್ಟಲು ಆಳಂದ ಕಡೆಯ ಗುಂಪೊಂದು ಬಂದಿತ್ತು, ಗಂಡಸರು ಹೆಂಗಸರು ಸೇರಿ. ಅವರನ್ನು ಕರೆತಂದ ಮುಖಂಡ, ಮುಕಾದಮನಿಗೂ ನಾನೆಂದರೆ ಆಗದು. ಅವರಿಗೆ ಪೈಠಣದ ದಾರಿಯಲ್ಲಿ ಮುಂದಿನ ಕೆಲಸ ಕಾಯುತ್ತಿತ್ತು. ನಾನು ‘ತಡೀರಿ’ ಎಂದಷ್ಟು ಸಲ ಅದು ದೂರ ಸರಿಯುತ್ತಿತ್ತು.

ಉಳಿದದ್ದು ಈಶಾನ್ಯ. ನಕ್ಷೆಯಲ್ಲಿ ಅಲ್ಲಿಯೂ ಮೆಟ್ಟಿಲು ಕತ್ತರಿಸಬೇಕೆಂದಿತ್ತು. ನೆಲಮಾಳಿಗೆಯ ಗೋಡೆ ಎದ್ದು, ಅದರ ಹಿಂದೆ ಮಣ್ಣು ತುಂಬಿದ ಮೇಲೆ ಆ ಮೂಲೆಯಲ್ಲಿ ನೆಲದೊಳಗಿನ ನೀರಿನ ತೊಟ್ಟಿ ಬರಬೇಕಿತ್ತು. ನಮ್ಮವರ ಬಾಯಲ್ಲಿ ಅದು ಟಾಕಿ. ನಾನು ನಾದಿನಿಯ ಮನೆಯ ಕಾರ್ಯಕ್ಕೆಂದು ಪೈಠಣಕ್ಕೆ ಹೋಗಿಬರುವಷ್ಟರಲ್ಲಿ ಟಾಕಿಯೇ ಮೊದಲು ಬಂದುಬಿಟ್ಟಿತ್ತು. ಗುಂಡಿಯ ಅಂಚಿನಿಂದ ನಾಲ್ಕು ಹೆಜ್ಜೆಗೆ ಇಟ್ಟಿಗೆ ಕಟ್ಟಿ, ಒಳಗೆ ತೆಳ್ಳಗೆ ಸಿಮೆಂಟು ಬಳಿದಿದ್ದರು. ಮೆಟ್ಟಿಲು ಕತ್ತರಿಸಲು ಇನ್ನು ಜಾಗವೇ ಇರಲಿಲ್ಲ. ಆ ಒಂದು ಮೈ ನೆಟ್ಟಗೇ ಉಳಿಯಿತು.

ನಾನು ಅಧ್ಯಕ್ಷರ ಅಂಗಡಿಗೇ ಹೋದೆ. ಭಾಲ್ಕಿಯಿಂದ ಬಂದು ಬೇಳೆಯ ಸಗಟು ವ್ಯಾಪಾರದಲ್ಲಿ ಬೆಳೆದವರು. ಜಗಳವನ್ನೂ ‘ಶರಣ್ರಿ’ ಎಂದೇ ಶುರು ಮಾಡುವ ಮನುಷ್ಯ.

“ಶರಣ್ರಿ ಅಕ್ಕೋರ. ಟಾಕಿ ನೋಡಿದ್ರಿ? ಛಂದ ಆಗ್ಯದಿಲ್ಲೊ?”

“ಟಾಕಿ ಬ್ಯಾಡ ಅಂತ ನಾ ಅನ್ನಲ್ಲ ಸಾವ್ಕಾರ್ರ. ತಳದ ಗ್ವಾಡಿ ಎದ್ದ ಮ್ಯಾಲ ಕಟ್ರಿ ಅಂತ ನಕ್ಷೆದಾಗೇ ಅದ.”

“ನಕ್ಷೆ ಬರೆದಾಂವ ಪುಣೇದಾಂವ. ಅವನಿಗೇನು ಗೊತ್ರಿ? ಈಶಾನ್ಯದಾಗ ಮೊದಲ ನೀರು ನಿಲ್ಬೇಕು, ಆಮ್ಯಾಲ ಬಾಕಿ ಎಲ್ಲ. ನಮ್ಮಜ್ಜ ಮನಿ ಕಟ್ಟಿದಾಗ ಹಂಗೇ ಮಾಡ್ಯಾನ, ನಾ ಇಲ್ಲಿ ಗೋಡೌನು ಕಟ್ಟಿದಾಗ ಹಂಗೇ ಮಾಡೀನಿ. ಕಟ್ಟಡಕ್ಕ ಹಾಕೋ ನೀರೆಲ್ಲ ಅದೇ ಟಾಕಿದು ಇರಬೇಕು.”

“ಆಯ್ತು, ಕಟ್ಟೀರಿ. ತುಂಬಬ್ಯಾಡ್ರಿ ಮತ್ತ.”

ಅವರು ನಕ್ಕರು. “ಖಾಲಿ ಟಾಕಿ ಯಾರು ಪೂಜಾ ಮಾಡ್ತಾರ್ರಿ?”

ಪುಣೆಗೆ ಫೋನ್ ಮಾಡಿದೆ. ನಕ್ಷೆಯವರು, “ಖಾಲಿ ಇರಲಿ, ನಾನು ಹೇಳಿದೆ ಅಂತ ಹೇಳಿ,” ಎಂದರು. ಹೇಳಿದೆ. ಮುಂದಿನ ಶುಭ ದಿನಕ್ಕೆ ರಾಮಕುಂಡದಿಂದ ಗೋದಾವರಿಯ ನೀರು ಕೊಡದಲ್ಲಿ ಬಂತು, ಉಳಿದ ನೀರು ಟ್ಯಾಂಕರಿನಲ್ಲಿ. ಇಲ್ಲಿ ಗೋದಾವರಿಗೂ ಗಂಗೆ ಎಂದೇ ಅನ್ನುತ್ತಾರೆ. ಅರಿಸಿನ, ಕುಂಕುಮ, ಬಾಳೆಕಂಬ, ಎಲ್ಲ ಆಯಿತು. ನನ್ನ ಕೈಯಲ್ಲೂ ಪ್ರಸಾದ ಇಟ್ಟರು. ತಿಂದೆ. ತಿನ್ನುತ್ತಾ ಟಾಕಿಯ ಬಾಯಿಯಿಂದ ಗುಂಡಿಯ ಅಂಚಿಗೆ ಇನ್ನೊಮ್ಮೆ ಹೆಜ್ಜೆ ಹಾಕಿ ನೋಡಿದೆ. ನಾಲ್ಕೇ.

ಹೀಗಾಗಿ, ಗುಂಡಿಯ ಮೈಮೇಲೆ ಕಪ್ಪು ಪಟ್ಟೆ ಕಂಡ ಬೆಳಿಗ್ಗೆ ಅದು ಎಲ್ಲಿಂದ ಬಂತೆಂದು ನಾನು ಹುಡುಕಬೇಕಾಗಿರಲಿಲ್ಲ. ಆದರೆ ನನಗೆ ಗೊತ್ತಿದ್ದರೆ ಸಾಲದು, ತೋರಿಸಬೇಕಿತ್ತು. ಸಂಜೆ ಎಲ್ಲರೂ ಹೋಗುವ ಹೊತ್ತಿಗೆ ಟಾಕಿಯಿಂದ ನೀರು ಎತ್ತುವುದನ್ನು ನಿಲ್ಲಿಸಿ, ಒಳಗೋಡೆಯ ಮೇಲೆ ನೀರಿನ ಮಟ್ಟಕ್ಕೆ ಸೀಮೆಸುಣ್ಣದಿಂದ ಗೆರೆ ಎಳೆದೆ. ಮುಚ್ಚಳ ಹಾಕಿ ಬೀಗ ಹಾಕಿದೆ. ಬೆಳಿಗ್ಗೆ ಗುತ್ತಿಗೆದಾರನ ಎದುರೇ ತೆಗೆದೆ. ನೀರು ಗೆರೆಯಿಂದ ಅಂಗೈ ಅಗಲ ಕೆಳಗಿತ್ತು.

“ಬಿಸಿಲಿಗೆ ಹಾರಿರಬೇಕು ತಾಈ,” ಎಂದ ಅವನು ಮರಾಠಿಯಲ್ಲಿ.

“ರಾತ್ರಿ ಯಾವ ಬಿಸಿಲು, ದಾದಾ?” ನಾನೂ ಅಣ್ಣ ಎಂದೇ ಕರೆದು ಕೇಳಿದೆ.

ಅವನ ಹಿಂದೆ ನಿಂತಿದ್ದ ಯಂತ್ರದ ಚಾಲಕ ಬೇರೆ ಕಡೆ ತಿರುಗಿ ನಕ್ಕ. ಗುತ್ತಿಗೆದಾರ ನಗಲಿಲ್ಲ. “ಮುರುಮ್ ಆಹೆ. ಕಾಹೀ ಹೋತ ನಾಹೀ,” ಎಂದ. ಮುರುಮು ಇದು, ಏನೂ ಆಗುವುದಿಲ್ಲ ಎಂದು. ಆಮೇಲೆ ನಾನು ಕೇಳಲೆಂದೇ ಚಾಲಕನಿಗೆ ಹೇಳಿದ: ಮನೆಯಲ್ಲಿ ಪಾತ್ರೆ ತೊಳೆದು ಮುಗಿಯಿತೆಂದರೆ ಇಂಥವರು ಸೈಟಿಗೆ ಬಂದು ಗೆರೆ ಎಳೆಯುತ್ತಾರೆ.

ಆ ದಿನವೇ ಟಾಕಿಗೂ ಅಂಚಿಗೂ ನಡುವೆ ನೆಲದ ಮೇಲೆ ಬಿರುಕು ಕಂಡಿತು. ಪೂಜೆಗೆ ಹಾಸಿದ್ದ ಚಾಪೆ ಇನ್ನೂ ಅಲ್ಲೇ ಬಿದ್ದಿತ್ತು, ಅದನ್ನು ಎತ್ತಿದಾಗ ಸಿಕ್ಕಿತು. ಕೂದಲೆಳೆಯಷ್ಟು ಸಣ್ಣದು, ಆದರೆ ಅಂಚಿಗೆ ಸಮನಾಗಿ ಉದ್ದಕ್ಕೆ ಹೋಗಿತ್ತು. ಬಿಸಿಲಿಗೆ ಕರಿಮಣ್ಣು ಬಿರಿದರೆ ಬಲೆಯಂತೆ ಎಲ್ಲ ಕಡೆಗೂ ಬಿರಿಯುತ್ತದೆ. ಅಂಚಿಗೆ ಸಮನಾಗಿ ಒಂದೇ ಗೆರೆ ಬಂದರೆ ಅದು ಬಿಸಿಲಿನದಲ್ಲ, ಆ ಕಡೆಯ ಮಣ್ಣು ಈ ಕಡೆಯದನ್ನು ಬಿಟ್ಟು ಹೊರಟಿದೆ ಎಂದರ್ಥ. ಬಿರುಕಿನ ಆಚೆ ಒಂದು ಈಚೆ ಒಂದು ಗೂಟ ಬಡಿದು, ತಲೆಗೆ ಮೊಳೆ ಹೊಡೆದು, ಮೊಳೆಯಿಂದ ಮೊಳೆಗೆ ಅಳೆದಿಟ್ಟುಕೊಂಡೆ. ಬಿರುಕು ಬೆಳೆದರೆ ಅಳತೆ ಹೇಳುತ್ತದೆ. ಆ ಮೂಲೆಯ ಕೆಳಗೆ ಅಂದು ಕೆಲಸ ಬೇಡವೆಂದೆ. ಮುಕಾದಮ ಗೊಣಗಿ ತನ್ನವರನ್ನು ಪಶ್ಚಿಮದ ಕಡೆಗೆ ಕಳಿಸಿದ.

ಮಧ್ಯಾಹ್ನ ರೊಟ್ಟಿ ತಿಂದು ಬರುವಷ್ಟರಲ್ಲಿ ಗೂಟಗಳಿಗೆ ಹಗ್ಗ ಬಿಗಿದಿತ್ತು. ಹಗ್ಗದ ಮೇಲೆ ಶಾಮಿಯಾನ. ಛತ್ರಪತಿ ಸಂಭಾಜಿನಗರದಿಂದ ಸಮಾಜದ ಹಿರಿಯರೊಬ್ಬರು ಕೆಲಸ ನೋಡಲು ಬರುವವರಿದ್ದರು. ಟಾಕಿಯ ಪಕ್ಕವೇ ಅವರಿಗೆ ಚಹಾ. ನೆರಳಿಗೆ ಹಾಕಿದ್ದ ಕುರ್ಚಿಗಳಲ್ಲಿ ಅರ್ಧ ಬಿರುಕಿನ ಆಚೆಗೆ, ಗುಂಡಿಯ ಕಡೆಗಿದ್ದವು. ಅತಿಥಿಗಳು ಆಗಲೇ ಕೂತಿದ್ದರು, ಚಹಾದ ಬಟ್ಟಲು ಕೈಯಲ್ಲಿತ್ತು.

ನಾನು ಅಧ್ಯಕ್ಷರ ಬಳಿ ಹೋಗಿ ಮೆಲ್ಲಗೆ, “ಸಾವ್ಕಾರ್ರ, ಮುಂದಿನ ಗೇಟಿನ ಕಡಿ ನೆರಳದ. ಎಲ್ಲಾರ್ನೂ ಅಲ್ಲಿಗಿ ಕರಕೊಂಡು ಹೋಗ್ರಿ,” ಎಂದೆ.

“ಯಾಕ್ರಿ?”

“ಇಲ್ಲಿ ನೆಲ ಬಿಟ್ಟದ.”

ಸಂಭಾಜಿನಗರದ ಹಿರಿಯರಿಗೆ ಕೇಳಿಸಿತು. ಅವರು ಬಟ್ಟಲು ಹಿಡಿದುಕೊಂಡೇ ತಟ್ಟನೆ ಎದ್ದು, ಪಂಚೆಯ ತುದಿ ಎತ್ತಿಕೊಂಡು, ನೆಲ ಸುಡುತ್ತಿದೆಯೇನೋ ಎಂಬಂತೆ ಗೇಟಿನ ಕಡೆಗೆ ನಡೆದರು. ಎಲ್ಲರೂ ಹಿಂದೆ ಹೊರಟರು. ಅಧ್ಯಕ್ಷರು ನನ್ನನ್ನು ನೋಡಿದ ರೀತಿಯಲ್ಲೇ ನನಗೆ ತಿಳಿಯಿತು, ಇನ್ನು ಮುಂದೆ ನಾನು ಏನು ಹೇಳಿದರೂ ಅದು ಮಣ್ಣಿನ ವಿಷಯವಾಗಿ ಉಳಿಯುವುದಿಲ್ಲ ಎಂದು.

“ನಾಲ್ಕ ಮಂದ್ಯಾಗ ಮರ್ಯಾದಿ ತಗದ್ರಿ,” ಎಂದರು ಅವರು ಹಲ್ಲು ಬಿಗಿಹಿಡಿದು.

ಹಗ್ಗ ಎಳೆದದ್ದರಿಂದ ಗೂಟಗಳೆರಡೂ ವಾಲಿಹೋಗಿದ್ದವು. ಅಳತೆ ಹಾಳು. ಹೊಸ ಗೂಟ ಬಡಿದು ಮೊದಲಿನಿಂದ ಶುರು ಮಾಡಿದೆ.

ಮನೆಗೆ ಹೋದಾಗ ಗಂಡ ಪಾಳಿ ಮುಗಿಸಿ ಬಂದು ಕಾಲು ನೀಡಿ ಕೂತಿದ್ದರು. ನಾನು ಅಕ್ಕಿ ತೊಳೆಯುತ್ತಾ ನಡೆದದ್ದನ್ನೆಲ್ಲ ಹೇಳಿದೆ. “ಬಿಟ್ಟು ಬಾ,” ಎಂದರು. “ನಮ್ಮ ಮಂದಿ ನಮ್ಮ ಮಂದಿ ಅಂತ ಹೋದಿ. ಹೊರಗಿನವ್ರಾದ್ರ ಬರೇ ಬಯ್ತಾರ. ನಮ್ಮವ್ರು ಬಯ್ದು, ಮದವಿ ಮನ್ಯಾಗ ಸಿಕ್ಕಾಗ ಮತ್ತ ಬಯ್ತಾರ.” ಮಗಳು ಪುಸ್ತಕದಿಂದ ತಲೆಯೆತ್ತದೆ ಮರಾಠಿಯಲ್ಲಿ ಕೇಳಿದಳು, ಅವರು ಕೇಳದಿದ್ದರೆ ಕೆಳಗಿಳಿಯುವವರಿಗಾದರೂ ಯಾಕೆ ಹೇಳಬಾರದು ಎಂದು. ಕೆಳಗಿಳಿಯುವವರೂ ಕೇಳುವುದಿಲ್ಲ ಎಂದೆ. ಅವರಿಗೆ ಈ ಕೆಲಸ ಬೇಗ ಮುಗಿಯಬೇಕು.

ಮರುದಿನ ನಾನು ಹೋಗುವ ಹೊತ್ತಿಗೆ ಮುಕಾದಮ ತನ್ನ ಜನರನ್ನು ಇಳಿಸಿಬಿಟ್ಟಿದ್ದ, ಅದೂ ಈಶಾನ್ಯ ಮೂಲೆಗೇ. ನಾನು ಸುತ್ತು ಹಾಕಿ ನೋಡಿ ‘ಇಳಿಯಿರಿ’ ಎನ್ನುವವರೆಗೆ ಯಾರೂ ಇಳಿಯಬಾರದೆಂಬುದು ಮೊದಲ ದಿನದಿಂದ ಇದ್ದ ನಿಯಮ. ಅಲ್ಲಿ ಕಂಬದ ಸರಳುಗಳನ್ನು ನಿಲ್ಲಿಸಿ ತಂತಿ ಬಿಗಿಯುತ್ತಿದ್ದರು. ಮುಕಾದಮನ ಹೆಂಡತಿಯೂ ಇದ್ದಳು, ಗುಂಡಿಯ ಮೈಗೆ ಬೆನ್ನು ಕೊಟ್ಟು ಕುಕ್ಕರಗಾಲಲ್ಲಿ ಕೂತು.

ಮೊದಲು ಬಿರುಕು ನೋಡಿದೆ. ನಾಣ್ಯದ ಅಂಚು ಸಲೀಸಾಗಿ ಒಳಹೋಯಿತು. ಮೊಳೆಗಳ ನಡುವಿನ ಅಳತೆಯೂ ಅಷ್ಟೇ ಹೆಚ್ಚಾಗಿತ್ತು. ಅಂಚಿನಿಂದ ದೂರ ನಿಂತು ಪಕ್ಕದಿಂದ ಮೈಯನ್ನು ನೋಡಿದೆ. ಕಪ್ಪು ಪಟ್ಟೆ ಬುಡದವರೆಗೆ ಇಳಿದಿತ್ತು. ನಡುವೆ ಮೈ ಸ್ವಲ್ಪ ಉಬ್ಬಿತ್ತು. ಅದರಿಂದ ಸಾಸಿವೆಯಷ್ಟು ಸಣ್ಣ ಕಾಳುಗಳು ಒಂದೊಂದಾಗಿ ಉದುರುತ್ತಿದ್ದವು. ಆ ಹೆಂಗಸಿನ ಸೆರಗಿನ ಮೇಲೂ ಬಿದ್ದಿದ್ದವು. ಅವಳು ಕೊಡವಿಕೊಂಡಳು, ತಂತಿ ಬಿಗಿದಳು, ಮತ್ತೆ ಕೊಡವಿಕೊಂಡಳು.

ಸೀಟಿ ಊದಿದೆ. ಕೆಳಗಿನವರು ತಲೆಯೆತ್ತಿ ನೋಡಿ ಮತ್ತೆ ಬಗ್ಗಿದರು.

“ಸೀಟಿ ಊದಲಾಕ ಇದೇನು ಟೇಸನ್ ಏನ್ರಿ?” ಎಂದ ಮುಕಾದಮ. ಅವನು ಮೇಲೆ, ಸರಳು ಕತ್ತರಿಸುವ ಯಂತ್ರದ ಬಳಿ ನಿಂತಿದ್ದ.

“ನಿಮ್ಮವ್ರನ್ನ ಮ್ಯಾಲ ಕರೀರಿ. ಈಗಿಂದೀಗ.”

“ನಿನ್ನಿನೂ ಹಂಗೇ ಅಂದ್ರಿ. ಏನ್ ಬಿತ್ತು? ಇವತ್ತ ಕಟ್ಟಿ ಮುಗಸ್ತೀವಿ, ನಾಳಿ ಕಾಂಕ್ರೀಟು, ನಾಡಿದ್ದ ನಾವು ಹೋಗ್ತೀವಿ. ಆಮ್ಯಾಲ ನೀವು ಮತ್ತ ನಿಮ್ಮ ಗೂಟ.”

ವಾದ ಮಾಡುವಷ್ಟು ಹೊತ್ತು ನನ್ನ ಬಳಿ ಇರಲಿಲ್ಲ. ಕಿರುಚಿದರೆ ಅವರು ಹಟ ಹಿಡಿಯುತ್ತಾರೆ, ಓಡಿದರೆ ಒಬ್ಬರ ಮೇಲೊಬ್ಬರು ಬೀಳುತ್ತಾರೆ. ಗೇಟಿನ ಪಕ್ಕದ ತಗಡಿನ ಪೆಟ್ಟಿಗೆಯಲ್ಲಿದ್ದ ಮುಖ್ಯ ಸ್ವಿಚ್ಚನ್ನು ಕೆಳಕ್ಕೆ ಎಳೆದೆ. ಬೀಗ ಹಾಕಿ ಕೀಲಿಯನ್ನು ಊಟದ ಚೀಲಕ್ಕೆ ಹಾಕಿಕೊಂಡೆ. ಕತ್ತರಿಸುವ ಯಂತ್ರ ನಿಂತಿತು. ಕೆಳಗೆ ಹಚ್ಚಿದ್ದ ಹಾಡೂ ನಿಂತಿತು. ಸರಳು ಬರುವುದು ನಿಂತರೆ ಕಟ್ಟುವುದಕ್ಕೆ ಏನೂ ಇರುವುದಿಲ್ಲ. ಐದು ನಿಮಿಷದೊಳಗೆ ಒಬ್ಬೊಬ್ಬರಾಗಿ ಪಶ್ಚಿಮದ ಏಣಿ ಹತ್ತಿ ಬರತೊಡಗಿದರು, ಕರೆಂಟು ತೆಗೆದವರು ಯಾರೆಂದು ಕೇಳಲು. ಬಯ್ಯಲಿಕ್ಕಾದರೂ ಮೇಲೆ ಬಂದರಲ್ಲ, ಅಷ್ಟೇ ನನಗೆ ಬೇಕಿತ್ತು. ಎಣಿಸಿಕೊಂಡೆ. ಮುಕಾದಮನ ಹೆಂಡತಿ ಕೊನೆಗೆ ಬಂದಳು, ನನ್ನ ಮುಖವನ್ನೇ ನೋಡುತ್ತಾ ಎಲೆಯಡಿಕೆ ಉಗುಳಿದಳು. ಅವಳ ಹಿಂದೆಯೇ ಏಣಿಗಳನ್ನು ಮೇಲಕ್ಕೆ ಎಳೆದುಕೊಂಡೆ.

ಮುಕಾದಮ ಅಲ್ಲಿಯವರೆಗೆ ನನ್ನ ಜೊತೆ ‘ರಿ’ ಹಚ್ಚಿ ಮಾತಾಡುತ್ತಿದ್ದ. ಈಗ ಬಿಟ್ಟ. “ಏ ಬಾಯಿ, ಕೀಲಿ ಕೊಡು. ನಿನ್ನಂಥೋರ್ನ ಭಾಳ ನೋಡೀನಿ. ನಿನಗ ಕುಂತ ಪಗಾರ ಬರ್ತದ. ನನ್ನ ಮಂದಿ ಏನ್ ಮಣ್ಣ ತಿನ್ನಬೇಕಾ?”

“ಮಣ್ಣಾಗ ಹೋಗಬಾರ್ದಂತೇ ಕರದೀನಿ,” ಎಂದೆ. ಅದು ಅವನನ್ನು ಇನ್ನೂ ಕೆರಳಿಸಿತು.

ಗುತ್ತಿಗೆದಾರ ಫೋನ್ ಮಾಡಿದ್ದ. ಅಧ್ಯಕ್ಷರು ಅಂಗಡಿ ಬಿಟ್ಟು ಬಂದರು. ಅಂದು ಶರಣು ಇಲ್ಲ, ಏನೂ ಇಲ್ಲ. ಗುತ್ತಿಗೆದಾರ ನಾಲ್ಕು ಬಲ್ಲಿ, ಅಂದರೆ ಮರದ ಗಳ, ಅಡ್ಡ ಕೊಟ್ಟರೆ ಮುಗಿಯಿತು ಎಂದ. ಗಳ ಕೊಡುವವನು ಆ ಉಬ್ಬಿದ ಮೈಯ ಕೆಳಗೇ ನಿಂತು ಕೊಡಬೇಕು, ನೀವೇ ಇಳಿಯುತ್ತೀರಾ ಎಂದು ಕೇಳಿದೆ. ಅವನು ಫೋನ್ ನೋಡತೊಡಗಿದ. ನಾನು ಪುಣೆಗೆ ಫೋನ್ ಮಾಡಿದೆ. “ನೀವು ಸ್ಥಳದಲ್ಲಿದ್ದೀರಿ. ನಿಮಗೆ ಕಂಡಂತೆ ಮಾಡಿ,” ಎಂದರು ನಕ್ಷೆಯವರು. ಸಹಾಯ ಕೇಳಿದವಳ ಕೈಗೇ ಹೊಣೆಯನ್ನು ತಿರುಗಿ ಕೊಟ್ಟ ಹಾಗಾಯಿತು.

ನನಗೆ ಕಂಡದ್ದು ಒಂದೇ. ಜನರನ್ನು ದೂರ ಇಟ್ಟರಷ್ಟೇ ಸಾಲದು. ಟಾಕಿಯಲ್ಲಿ ನೀರಿರುವವರೆಗೆ ಆ ಮೈ ಕುಡಿಯುತ್ತಲೇ ಇರುತ್ತದೆ, ಬಿರುಕು ಹಿಂದೆ ಹಿಂದೆ ಸರಿದು ಕಾಂಪೌಂಡ್ ಗೋಡೆಯವರೆಗೆ ಹೋಗುತ್ತದೆ. ಗೋಡೆಯಾಚೆ ಓಣಿ, ಪಾಳಿ ಬಿಟ್ಟಾಗ ಇಡೀ ಸಾತಪುರ ಅಲ್ಲೇ ಗಾಡಿಯ ಮೇಲೆ ಹಾಯುತ್ತದೆ. ಟಾಕಿ ಖಾಲಿಯಾಗಬೇಕು. ಇನ್ನೊಂದು ವಿಷಯವೂ ನನಗೆ ಗೊತ್ತಿತ್ತು. ನೀರು ಒಳಗಿನಿಂದ ಒತ್ತಿ ಹಿಡಿದಿದ್ದ ಆ ಇಟ್ಟಿಗೆ ಗೋಡೆ, ನೀರು ತೆಗೆದ ಮೇಲೆ ನಿಂತೇ ಇರುತ್ತದೆಂದು ಹೇಳಲಾಗದು. ಆದ್ದರಿಂದ ಟಾಕಿಯ ಸುತ್ತ, ಗುಂಡಿಯ ಆ ಬದಿಯ ಉದ್ದಕ್ಕೂ, ಯಾರೂ ಬಾರದಷ್ಟು ದೂರದಲ್ಲಿ ಸರಳುಗಳನ್ನು ನೆಟ್ಟು ಹಗ್ಗ ಕಟ್ಟಿದೆ. ಯಾರೂ ಕೈ ಹಚ್ಚಲಿಲ್ಲ. ಹೆಂಗಸು ಹಗ್ಗ ಕಟ್ಟುವುದನ್ನು ಸಾಲಾಗಿ ನಿಂತು ನೋಡಿದರು.

“ಪೂಜಾ ಮಾಡಿ ತುಂಬಿದ ಗಂಗಾ ಅದು,” ಎಂದರು ಅಧ್ಯಕ್ಷರು. “ಕಟ್ಟಡ ಏಳೂಕಿಂತ ಮೊದಲ ಹೊರಗ ಚೆಲ್ತೀರಿ? ಹೆಣ್ಮಕ್ಕಳು ಮಾಡೋ ಕೆಲಸೇನ್ರಿ ಇದು?”

“ಟ್ಯಾಂಕರ್ ಕರಸ್ರಿ ಮತ್ತ. ಅದ್ರಾಗ ತುಂಬಿ ಗೋಡೌನಿಗಿ ಒಯ್ರಿ. ಚೆಲ್ಲೂದು ನನಗೂ ಬ್ಯಾಡ.”

ಅವರು ಟ್ಯಾಂಕರಿನವನಿಗೆ ಫೋನ್ ಮಾಡಿದರು. ನಾಡಿದ್ದು ಬರುತ್ತೇನೆ ಎಂದನಂತೆ.

“ನಾಡಿದ್ದಿನ ತನಕ ತಡೀರಲ್ಲ,” ಎಂದರು.

“ನಾ ತಡೀತೀನ್ರಿ. ಮಣ್ಣ ತಡೀಬೇಕಲ್ಲ.”

ನೀರು ಬಿಡಲು ದಾರಿ ಒಂದೇ ಇತ್ತು. ಪೂರ್ವಕ್ಕೂ ಉತ್ತರಕ್ಕೂ ಗೋಡೆ, ನಡುವೆ ಗುಂಡಿ. ನೆಲದ ಇಳಿಜಾರು, ರಸ್ತೆಯ ಮೋರಿ ಎರಡೂ ನೈಋತ್ಯಕ್ಕೆ. ನಾನು ಪೈಪನ್ನು ಗುಂಡಿಯ ಸುತ್ತ ಬಳಸಿ ಆ ಮೂಲೆಗೆ ಎಳೆಯುತ್ತಿರುವುದನ್ನು ನೋಡಿ ಅಧ್ಯಕ್ಷರ ಮುಖ ಬೆಳ್ಳಗಾಯಿತು. ಮನೆ ಕಟ್ಟುವ ನಮ್ಮವರ್ಯಾರೂ ನೈಋತ್ಯದಲ್ಲಿ ಒಂದು ತಂಬಿಗೆ ನೀರನ್ನೂ ಇಡುವುದಿಲ್ಲ. ಆ ಮೂಲೆ ಎತ್ತರವಿರಬೇಕು, ಭಾರವಿರಬೇಕು, ಒಣಗಿರಬೇಕು.

“ನೈಋತ್ಯಕ್ಕ! ಈಶಾನ್ಯದ ನೀರು ತಗದು ನೈಋತ್ಯಕ್ಕ ಬಿಡ್ತಾಳ! ಏ, ಆಕಿನ್ನ ಹಿಡೀರ್ಯೋ ಯಾರರೆ!”

ಯಾರೂ ಹಿಡಿಯಲಿಲ್ಲ. ಹೆಣ್ಣುಮಗಳ ಕೈ ಹಿಡಿಯುವವರು ಯಾರು? ಹಗ್ಗ ಎಳೆದು ಚಾಲೂ ಮಾಡುವ ಸಣ್ಣ ಪೆಟ್ರೋಲ್ ಪಂಪು ಅದು, ಗುಂಡಿಗೆ ಮಳೆನೀರು ಬಂದರೆ ಇರಲಿ ಎಂದು ತಂದಿಟ್ಟದ್ದು. ಅದನ್ನು ಹಗ್ಗದ ಹೊರಗೇ ಇಟ್ಟು, ಹೀರುವ ಪೈಪಿನ ತುದಿಯನ್ನು ಉದ್ದನೆಯ ಸರಳಿಗೆ ಕಟ್ಟಿ ದೂರದಿಂದಲೇ ಟಾಕಿಯ ಬಾಯಿಗೆ ಇಳಿಬಿಟ್ಟೆ. ಎಳೆದೆ. ಕೆಮ್ಮಿ ನಿಂತಿತು. ಭುಜ ನೋಯುತ್ತಿತ್ತು. ಮುಕಾದಮನ ಗುಂಪಿನಿಂದ ಯಾರೋ, “ರೊಟ್ಟಿ ಬಡದಂಗಲ್ಲ ಬಾಯಿ ಅದು,” ಎಂದರು. ಎಲ್ಲರೂ ನಕ್ಕರು. ಮತ್ತೆ ಎಳೆದೆ. ಹಿಡಿದುಕೊಂಡಿತು.

ಚಪ್ಪಟೆಯಾಗಿ ಮಲಗಿದ್ದ ಪೈಪು ಉಬ್ಬುತ್ತಾ ಗುಂಡಿಯ ಸುತ್ತ ಸಾಗಿತು. ಆಗ ಅಧ್ಯಕ್ಷರು ಮುಂದೆ ಬಂದು ಪೈಪಿನ ಮೇಲೆ ಕಾಲಿಟ್ಟು ನಿಂತರು. ಬೂಟಿನ ಹಿಮ್ಮಡಿಯಿಂದ ಒತ್ತಿ, ಸೊಂಟದ ಮೇಲೆ ಕೈಯಿಟ್ಟು, ನನ್ನನ್ನೇ ನೋಡಿದರು. ನೀರು ಅಲ್ಲಿಗೇ ನಿಂತಿತು. ಪಂಪಿನ ದನಿ ಬದಲಾಯಿತು. ಗುತ್ತಿಗೆದಾರ ಕೈಕಟ್ಟಿ ನಕ್ಕ.

ಅವರನ್ನು ಸರಿಸಲು ನನಗೆ ಅಧಿಕಾರವಿರಲಿಲ್ಲ, ಬಲವೂ ಇರಲಿಲ್ಲ. ಅವರ ಕಾಲನ್ನೇ ನೋಡುತ್ತಾ ಹೇಳಿದೆ: “ಸಾವ್ಕಾರ್ರ, ಗಂಗಾ ಅದ ಅಂತ ನೀವೇ ಅಂದ್ರಿ. ಆಕಿ ಮ್ಯಾಲ ಬೂಟ್ ಇಟ್ಟೀರಿ.”

ಅವರು ಕೆಳಗೆ ನೋಡಿದರು. ಕಾಲು ತಾನಾಗಿಯೇ ಹಿಂದೆ ಬಂತು. ಅವರ ಕೈ ಎದೆಯವರೆಗೆ ಹೋಗಿ, ಎಲ್ಲರೂ ನೋಡುತ್ತಿದ್ದಾರೆಂದು ಅರಿವಾಗಿ, ಅಲ್ಲೇ ನಿಂತಿತು. ನೀರು ಒಮ್ಮೆಲೇ ನುಗ್ಗಿ ನೈಋತ್ಯದ ಮೂಲೆಯಲ್ಲಿ ಬಿತ್ತು. ಅವರು ಗೇಟಿನ ಬಳಿ ಕುರ್ಚಿ ಹಾಕಿಸಿಕೊಂಡು, ಬೆನ್ನು ತಿರುಗಿಸಿ ಕೂತರು.

ಟಾಕಿ ಅರ್ಧ ಖಾಲಿಯಾಗುವವರೆಗೆ ಏನೂ ಆಗಲಿಲ್ಲ. ಏನೂ ಆಗದ ಒಂದೊಂದು ಗಳಿಗೆಯೂ ನನ್ನ ವಿರುದ್ಧ ಸಾಕ್ಷಿ ಹೇಳುತ್ತಿದ್ದ ಹಾಗಿತ್ತು. ಮುಕಾದಮ ಎರಡು ಸಲ ಏಣಿಯ ಮೇಲೆ ಕೈಯಿಟ್ಟ. ಎರಡು ಸಲವೂ ನಾನು ಹೋಗಿ ಏಣಿಯ ಮೇಲೆ ಕೂತೆ. ಊಟದ ಹೊತ್ತಾಯಿತು. ಏಣಿಯ ಮೇಲೆ ಕೂತೇ ಡಬ್ಬಿ ಬಿಚ್ಚಿದೆ, ಶೇಂಗಾ ಚಟ್ನಿ ಹಚ್ಚಿದ ರೊಟ್ಟಿ. ಅರ್ಧ ತಿಂದಿದ್ದೆ.

ದೊಡ್ಡ ಸದ್ದೇನೂ ಬರಲಿಲ್ಲ. ಮೂಟೆಯಿಂದ ಬೇಳೆ ಸುರಿದ ಹಾಗೆ ಒಂದು ಸರಸರ, ಆಮೇಲೆ ನೆಲದೊಳಗಿನಿಂದ ಒಂದು ದಪ್ಪನೆಯ ಪೆಟ್ಟು. ಬಿರುಕಿನಿಂದ ಗುಂಡಿಯ ಕಡೆಗಿದ್ದ ನೆಲ ಇದ್ದ ಹಾಗೇ ಇಳಿಯಿತು, ಮೇಲಿನ ಬಾಳೆಕಂಬ ನೆಟ್ಟಗೆ ನಿಂತೇ ಇಳಿಯಿತು, ಮಧ್ಯದಲ್ಲಿ ಮುರಿಯಿತು. ಟಾಕಿಯ ಗುಂಡಿಯ ಕಡೆಯ ಗೋಡೆ ಅದರ ಹಿಂದೆ ಕಳಚಿಕೊಂಡಿತು. ಉಳಿದಿದ್ದ ನೀರು ಇಟ್ಟಿಗೆಗಳೊಂದಿಗೆ ಕೆಳಗೆ ಬಿತ್ತು. ಧೂಳು ಏಳಲಿಲ್ಲ, ಎಲ್ಲ ಒದ್ದೆಯಾಗಿತ್ತು. ಬೆಳಿಗ್ಗೆ ಅವರು ಕಟ್ಟುತ್ತಿದ್ದ ಕಂಬದ ಸರಳುಗಳು ಬಾಗಿ, ತುದಿಗಳು ಮಾತ್ರ ಮಣ್ಣಿನ ಹೊರಗೆ ಕಾಣುತ್ತಿದ್ದವು. ಕೆಳಗೆ ಯಾರೂ ಇರಲಿಲ್ಲ.

ಎಲ್ಲರೂ ಒಟ್ಟಿಗೆ ಮಾತು ಶುರು ಮಾಡಿದರು.

“ನೋಡಿದ್ರಿಲ್ಲೊ!” ಅಧ್ಯಕ್ಷರು ಗೇಟಿನಿಂದ ಓಡಿಬಂದಿದ್ದರು. “ನೀರಿದ್ದಾಗ ನಿಂತಿತ್ತು. ನೀರು ತಗದ್ಳು, ಬಿತ್ತು. ನೈಋತ್ಯಕ್ಕ ಬಿಟ್ಳು, ಈಶಾನ್ಯ ಹೋಯ್ತು. ಇನ್ನೇನು ಬೇಕು ನಿಮಗ?”

ಅವರ ಮಾತಿನಲ್ಲಿ ಒಂದು ಪಾಲು ನಿಜವಿತ್ತು. ನೀರು ತೆಗೆಯದಿದ್ದರೆ ಅದು ಆ ಮಧ್ಯಾಹ್ನ ಬೀಳದೆ, ಆ ರಾತ್ರಿಯೋ ಮರುದಿನ ಕಾಂಕ್ರೀಟು ಸುರಿಯುವ ಹೊತ್ತಿಗೋ ಬೀಳುತ್ತಿತ್ತು. ಯಾವಾಗ ಎಂದು ನನಗೂ ಗೊತ್ತಿರಲಿಲ್ಲ. ಬೀಳುವುದಾದರೆ ನಾವೆಲ್ಲ ಮೇಲೆ ನಿಂತು ನೋಡುತ್ತಿರುವಾಗಲೇ ಬೀಳಲಿ ಎಂಬುದಷ್ಟೇ ನನ್ನ ಲೆಕ್ಕ. ಅದನ್ನು ಬಾಯಿಬಿಟ್ಟು ಹೇಳಿದ್ದರೆ, ಬೀಳಿಸಿದೆನೆಂದು ನಾನೇ ಒಪ್ಪಿದ ಹಾಗೆ ಆಗುತ್ತಿತ್ತು.

“ಆಕಿಗಿ ಹೇಳ್ರಿ,” ಎಂದರು ಅಧ್ಯಕ್ಷರು ಗುತ್ತಿಗೆದಾರನಿಗೆ, ನಾನು ಪಕ್ಕದಲ್ಲೇ ನಿಂತಿದ್ದರೂ. “ನಾಳಿಂದ ಬರೂದು ಬ್ಯಾಡ.”

“ಇವತ್ತು?” ಎಂದೆ.

ಅವರು ಗುಂಡಿಯ ಕಡೆ ನೋಡಿದರು. ಮೇಲೆ ಟಾಕಿಯ ಹಿಂದಿನ ಗೋಡೆ ಇನ್ನೂ ನಿಂತಿತ್ತು, ಬುಡವಿಲ್ಲದೆ. ಅದರ ಕೆಳಗೆ ಕರಿಮಣ್ಣಿನ ಒಂದು ತುಂಡು ಮುಂದಕ್ಕೆ ಚಾಚಿ ನೇತಾಡುತ್ತಿತ್ತು. “ಇವತ್ತ ಅದೀರಲ್ಲ,” ಎಂದು ಮುಖ ತಿರುಗಿಸಿದರು.

ಇಷ್ಟೆಲ್ಲ ಆದ ಮೇಲೂ ಗುತ್ತಿಗೆದಾರನ ಚಿಂತೆ ಸರಳಿನದು. ಮಣ್ಣು ಒಣಗುವ ಮೊದಲು ಅವುಗಳನ್ನು ಬಿಡಿಸಿ ನೆಟ್ಟಗೆ ಮಾಡಿದರೆ ಕಾಂಕ್ರೀಟಿನ ದಿನ ತಪ್ಪುವುದಿಲ್ಲ ಎಂದು ಅವನ ಎಣಿಕೆ. ಗುದ್ದಲಿ ಕೊಟ್ಟು ಇಬ್ಬರನ್ನು ಇಳಿಸೆಂದು ಮುಕಾದಮನಿಗೆ ಹಿಂದಿಯಲ್ಲಿ ಹೇಳಿದ. ನಾನು ಅಗೆಯುವ ಯಂತ್ರದ ಚಾಲಕನ ಬಳಿ ಹೋದೆ. ಮೊದಲು ಮೇಲಿನ ನೇತಾಡುವ ತುಂಡು, ಆಮೇಲೆ ಟಾಕಿಯ ಉಳಿದ ಗೋಡೆ, ಆಮೇಲೆ ಇಡೀ ಮೈಯನ್ನು ಮೆಟ್ಟಿಲಾಗಿ ಹಿಂದಕ್ಕೆ ಕತ್ತರಿಸಬೇಕೆಂದು ಹೇಳಿ, ಯಂತ್ರ ನಿಲ್ಲಬೇಕಾದ ಗಟ್ಟಿ ನೆಲಕ್ಕೆ ಸುಣ್ಣದ ಪುಡಿಯಿಂದ ಗೆರೆ ಹಾಕಿದೆ. ಬಗ್ಗಿ ಗೆರೆ ಹಾಕುತ್ತಿರುವಾಗ ಹಿಂದಿನಿಂದ ಮುಕಾದಮನ ದನಿ ಕೇಳಿತು. ನನ್ನನ್ನೇ ಬಯ್ಯುತ್ತಿದ್ದ.

“ವಾರದ ದುಡಿತ ಮಣ್ಣಾಗ ಹಾಕಿದಿ. ಪೈಠಣದ ಕೆಲಸ ಹೋಯ್ತು. ನಿನ್ನ ಬಾಯಾಗ ಹುಳ ಬೀಳ್ಲಿ.”

ನಾನು ತಿರುಗಿ ನೋಡಲಿಲ್ಲ.

ಗುತ್ತಿಗೆದಾರ ಮತ್ತೆ, “ಅರೆ, ಇಬ್ಬರನ್ನ ಇಳಿಸೋ,” ಎಂದ.

ಮುಕಾದಮ ಅದೇ ಸಿಟ್ಟಿನಲ್ಲಿ, ಅದೇ ದನಿಯಲ್ಲಿ ಅವನ ಕಡೆ ತಿರುಗಿದ. ಆ ಗಲಾಟೆಯಲ್ಲಿ ಹಿಂದಿ ಮರೆತು ಕನ್ನಡದಲ್ಲೇ ಒದರಿದ: “ಮೊದ್ಲ ಆಕಿ ಹ್ಞೂಂ ಅನ್ನಲಿ!” ಅವನ ಹೆಂಡತಿ ಪಕ್ಕದಲ್ಲಿ ನಿಂತು ಸೆರಗಿನಿಂದ ಒದ್ದೆ ಮುರುಮಿನ ಕಾಳು ಕೊಡವುತ್ತಿದ್ದಳು.

ಯಂತ್ರ ಮೇಲಿನಿಂದ ಕತ್ತರಿಸುತ್ತಾ ಬಂತು. ನೇತಾಡುತ್ತಿದ್ದ ತುಂಡು ಮುಟ್ಟಿದ ತಕ್ಷಣ ಬಿತ್ತು. ಗೋಡೆ ಬಿತ್ತು. ಒಂದು ಮೆಟ್ಟಿಲು ಆಯಿತು, ಎರಡನೆಯದು ಅರ್ಧ ಆಯಿತು, ಅಷ್ಟರಲ್ಲಿ ಪಾಳಿ ಬಿಟ್ಟ ಗಾಡಿಗಳ ಸದ್ದು ಓಣಿ ತುಂಬಿತು. ಗುತ್ತಿಗೆದಾರ ಗಡಿಯಾರ ತೋರಿಸಿದ. ಮುಕಾದಮ ನನ್ನ ಮುಖ ನೋಡಿದ, ಬಯ್ದ, ಮತ್ತೆ ನೋಡಿದ.

ಆ ಸಂಜೆ ನಾನು ಹ್ಞೂಂ ಅನ್ನಲಿಲ್ಲ.